ಎಚ್ಚರ ತಪ್ಪಿ

ಹಾಲು ಸೀಯಲಿ ಎಂದು ಅವಳು ಬೇಕೆಂದೇ ಬಿಟ್ಟಿದ್ದಳು. ಹಾಗೆಂದು ತನಗೆ ತಾನೇ ಹೇಳಿಕೊಳ್ಳುವ ಧೈರ್ಯ ಮಾತ್ರ ಇರಲಿಲ್ಲ. ತಲೆ ಬಾಚಿಕೊಳ್ಳುತ್ತಿದ್ದೆ, ಮರೆತುಹೋಯಿತು ಎಂದು ಒಂದು ಉತ್ತರವನ್ನು ಬಾಯಲ್ಲಿ ಸಿದ್ಧವಿಟ್ಟುಕೊಂಡು, ಮಲಗುವ ಕೋಣೆಯ ಬಾಗಿಲ ಸಂದಿಯಿಂದ ಅಡುಗೆಮನೆಯತ್ತ ನೋಡುತ್ತ ನಿಂತಿದ್ದಳು. ಕೈಯಲ್ಲಿದ್ದ ಬಾಚಣಿಗೆ ಕೂದಲಿಗೆ ತಾಗಿಯೇ ಇರಲಿಲ್ಲ. ಗಂಡ ಒಲೆಗೆ ಬೆನ್ನು ಮಾಡಿ ಮೇಜಿನ ಮುಂದೆ ಕೂತು ಅಂಗಿಗೆ ಗುಂಡಿ ಹೊಲಿಯುತ್ತಿದ್ದ. ಸೂಜಿಗೆ ದಾರ ಪೋಣಿಸಲು ಮೊದಲಿಗಿಂತ ಹೆಚ್ಚು ಹೊತ್ತು ಹಿಡಿಯುತ್ತಿತ್ತು. ಅಥವಾ ಅವಳು ನೋಡುತ್ತಿದ್ದಾಳೆಂದು ಗೊತ್ತಾಗಿ ಬೇಕೆಂದೇ ಹೊತ್ತು ತೆಗೆದುಕೊಳ್ಳುತ್ತಿದ್ದನೋ. ಪಾತ್ರೆ ತಳ ಹಿಡಿಯಿತು. ಸೀದ ವಾಸನೆ ಮೆಲ್ಲಗೆ ನಡುಮನೆ ದಾಟಿ ಬಾಗಿಲ ಹಿಂದಿದ್ದ ಅವಳ ಮೂಗಿಗೇ ಬಂತು. ಅವನು ಗುಂಡಿಯ ದಾರವನ್ನು ಹಲ್ಲಿನಿಂದ ಕಡಿದ, ಅಂಗಿಯನ್ನು ಕೊಡವಿದ, ಇನ್ನೊಂದು ಗುಂಡಿ ಹುಡುಕಿದ. ತಿಳಿ ಹೊಗೆ ಎದ್ದಾಗ ಇನ್ನು ತಡೆಯಲಾರದೆ ಅವಳು ಒಳಗೆ ಬಂದಳು. ಅವನು ತಲೆಯೆತ್ತಿ ಅವಳ ಮುಖ ನೋಡಿದ. ಆಮೇಲೆ ಮೂಗೆತ್ತಿ, "ಹಾಲು ಸೀದುಹೋಯ್ತಲ್ಲೇ. ನಿನಗೆ ವಾಸನೆ ಬರ್ಲಿಲ್ವಾ?" ಎಂದ.

ಹಾಗಾದರೆ ಬರುತ್ತದೆ. ವಾಸನೆ ಬರುತ್ತದೆ ಇವನಿಗೆ. ಬಸ್ಸಿನಲ್ಲಿ ಕಂಬಿ ಹಿಡಿದು ನಿಂತಾಗ ಆ ಮಾತೇ ಬಸ್ಸಿನ ಲಯಕ್ಕೆ ಸೇರಿಕೊಂಡು ತಲೆಯಲ್ಲಿ ಕುಟ್ಟುತ್ತಿತ್ತು. ಆಸ್ಪತ್ರೆಯ ಬಟ್ಟೆ ಒಗೆಯುವ ಕೆಲಸದಲ್ಲಿ ಬಿದ್ದು ತಲೆಗೆ ಪೆಟ್ಟಾಗಿ ಕೆಲವು ದಿನಗಳಾದ ಮೇಲೆ ಅವನೇ ಹೇಳಿದ್ದ, ಸೋಪಿಗೆ ವಾಸನೆಯೇ ಇಲ್ಲವಲ್ಲ, ಯಾವುದೋ ಕಳಪೆ ಸೋಪು ತಂದಿದ್ದೀಯ ಎಂದು. ಅವಳು ಅಂಗಡಿ ಬದಲಿಸಿದ್ದಳು. ಆಮೇಲೆ, ಅಂಗಿಗೆ ಅಂಟಿಕೊಂಡೇ ಇರುತ್ತಿದ್ದ ಬ್ಲೀಚಿನ ವಾಸನೆ ಹೋಯಿತು ನೋಡು, ಮನೇಲಿ ಕೂತಿದ್ದಕ್ಕೆ ಇದೊಂದು ಲಾಭ ಎಂದಾಗ ಅವಳು ಅವನ ಅಂಗಿಯನ್ನು ಮೂಸಿ ನೋಡಿದ್ದಳು. ಬ್ಲೀಚು ನೂಲಿನೊಳಗೇ ಇತ್ತು, ಗಂಟಲು ಕೆರೆಯುವಷ್ಟು. ಆಗ ಅವಳಿಗೆ ಕರುಳು ಚುರ್ ಎಂದಿತ್ತು. ಈಗ ಆ ಕರುಳಿಗೇ ಮೋಸವಾದಂತೆ ಅನಿಸಿ, ತಾನು ಇಳಿಯುವ ನಿಲ್ದಾಣ ಬಂದದ್ದು ಗೊತ್ತಾಗದೆ, ಬಾಗಿಲು ಮುಚ್ಚುವ ಹೊತ್ತಿಗೆ ಜನರನ್ನು ತಳ್ಳಿಕೊಂಡು ಇಳಿದಳು. ಹಿಂದಿನಿಂದ ಯಾರೋ, ಕಣ್ಣು ಮನೇಲಿಟ್ಟು ಬಂದಿದ್ದೀರಾ ಎಂದರು.

ಆಸ್ಪತ್ರೆಯ ನೆಲಮಾಳಿಗೆಯಲ್ಲಿ ಕೋಡಿಂಗ್ ವಿಭಾಗ. ಮೇಲೆ ಜನ ನರಳುತ್ತಾರೆ, ವಾಸಿಯಾಗುತ್ತಾರೆ, ಸಾಯುತ್ತಾರೆ. ಅದೆಲ್ಲ ಕಡತವಾಗಿ ಕೆಳಗಿಳಿದು ಬಂದಾಗ ಇಲ್ಲಿ ಕೂತವರು ಪ್ರತಿ ನೋವಿಗೂ ಅದರ ಸಂಕೇತದ ಅಂಕಿ, ಅಂದರೆ ಕೋಡು, ಹಚ್ಚಿ ಕಳಿಸುತ್ತಾರೆ. ಕಿಟಕಿಯೆಂದರೆ ಸೂರಿನ ಹತ್ತಿರದ ಒಂದು ಸೀಳು. ಅದರಲ್ಲಿ ಕಾಣುವುದು ದಾರಿಹೋಕರ ಕಾಲು ಮಾತ್ರ. ಸೂರಿನುದ್ದಕ್ಕೂ ಬಟ್ಟೆ ಒಗೆಯುವ ವಿಭಾಗಕ್ಕೆ ಹೋಗುವ ಉಗಿಕೊಳವೆ. ಇವಳ ಪಾಲಿಗೆ ಬರುವುದು ತಲೆಗೆ ಪೆಟ್ಟಾದವರ ಕಡತ, ಅದಕ್ಕೇ ಎಲ್ಲರ ಬಾಯಲ್ಲಿ ಇವಳು 'ತಲೆ'. ಎದುರು ಸೀಟಿನ ಹುಡುಗಿ ಮುರಿದ ಕೈಕಾಲು ನೋಡುವವಳು, ಅವಳು 'ಮೂಳೆ'. ತಲೆ ಬಂತಾ, ಮೂಳೆ ಊಟ ಮಾಡಿತಾ ಎಂದು ದಿನವೂ ನಗುವುದು ಇದ್ದದ್ದೇ. ತಲೆಯ ಕೋಡಿನಲ್ಲಿ ಒಂದು ಜಾಗವಿದೆ. ಪೆಟ್ಟು ಬಿದ್ದಾಗ ಎಚ್ಚರ ತಪ್ಪಿತೇ, ತಪ್ಪಿದ್ದರೆ ಎಷ್ಟು ಹೊತ್ತು ಎಂಬುದನ್ನು ಅಲ್ಲಿ ಒಂದೇ ಅಂಕಿಯಲ್ಲಿ ಹೇಳಬೇಕು. ತಪ್ಪಲೇ ಇಲ್ಲವಾದರೆ ಸೊನ್ನೆ. ಸ್ವಲ್ಪ ಹೊತ್ತಿಗೆ ಒಂದು, ಬಹಳ ಹೊತ್ತಿಗೆ ಇನ್ನೊಂದು. ಎಚ್ಚರ ಮರಳುವ ಮೊದಲೇ ಸತ್ತುಹೋದವರಿಗೂ ಒಂದು ಅಂಕಿ ಕಾದಿರುತ್ತದೆ. ವೈದ್ಯರು ಬರೆದಿದ್ದರೆ ಉಂಟು, ಬರೆಯದಿದ್ದರೆ ಇಲ್ಲ. ಊಹಿಸುವಂತಿಲ್ಲ, ಕನಿಕರ ಪಡುವಂತಿಲ್ಲ. ಬರೆದಿಲ್ಲದ್ದು ನಡೆದಿಲ್ಲ ಎಂಬುದು ಕೆಲಸಕ್ಕೆ ಸೇರಿದ ದಿನ ಕಲಿಸುವ ಮೊದಲ ಮಾತು. ವರ್ಷಗಟ್ಟಲೆ ಆ ಮಾತಿನ ಮೇಲೆ ಕೂತು ಕೂತು ಅದು ತನ್ನ ಜೊತೆ ಮನೆಗೂ ಬಂದು, ಊಟಕ್ಕೆ ಪಕ್ಕದಲ್ಲೇ ಕೂರುತ್ತಿದೆ ಎಂದು ಅವಳಿಗೆ ಈಚೆಗೆ ಅನಿಸತೊಡಗಿತ್ತು. ಅವನು, ನಿನ್ನೆ ಎರಡು ಸಲ ವಾಂತಿಯಾಯ್ತು ಎಂದರೆ ಅವಳ ಬಾಯಿಂದ ಮೊದಲು ಬರುವುದು, ಯಾರಿಗೆ ಹೇಳಿದ್ರಿ?

ಸ್ವಂತದವರ ಕಡತ ಮುಟ್ಟುವಂತಿಲ್ಲವಾದ್ದರಿಂದ ಗಂಡನ ತಲೆಯ ಕಡತ ಮೂಳೆಯ ಪಾಲಿಗೆ ಹೋಗಿತ್ತು. ಇವಳು ಕೂರುತ್ತಿದ್ದಂತೆ ಮೂಳೆ ಕುರ್ಚಿ ಸರಿಸಿಕೊಂಡು ಹತ್ತಿರ ಬಂದಳು. ಕಡತ ನಾಳೆ ಬೆಳಿಗ್ಗೆ ಮುಚ್ಚಲೇಬೇಕಂತೆ. ತುರ್ತು ವಿಭಾಗದ ವೈದ್ಯರು, 'ಅಜಾಗರೂಕತೆಯಿಂದ ಬಿದ್ದು ತಲೆಗೆ ಪೆಟ್ಟು, ಬಂದಾಗ ಎಚ್ಚರವಿದೆ' ಎಂದಷ್ಟೇ ಬರೆದಿದ್ದಾರಂತೆ. ಅದರ ಮೇಲೆ ಸೊನ್ನೆ ಬಿಟ್ಟು ಬೇರೇನೂ ಒತ್ತಲು ಬರುವುದಿಲ್ಲ. ಸೊನ್ನೆ ಒತ್ತಿದರೆ ಏನಾಗುತ್ತದೆಂದು ಇಬ್ಬರಿಗೂ ಗೊತ್ತಿತ್ತು. ಮೂರನೇ ಮಹಡಿಯ ನೆನಪಿನ ಚಿಕಿತ್ಸಾ ವಿಭಾಗದವರು ಎಚ್ಚರ ತಪ್ಪಿದವರನ್ನು ಮಾತ್ರ ಸೇರಿಸಿಕೊಳ್ಳುತ್ತಾರೆ. ಬಟ್ಟೆ ವಿಭಾಗದವರು, ಏನೂ ಆಗಿಲ್ಲವಲ್ಲ, ಸೋಮವಾರದಿಂದ ಇಸ್ತ್ರಿಯ ಉಗಿಯಂತ್ರದ ಮುಂದೆ ಬಂದು ನಿಲ್ಲು, ಇಲ್ಲವೇ ಬಿಟ್ಟು ಹೋಗು ಎನ್ನುತ್ತಾರೆ. ಮನೆಯ ದಾರಿಯಲ್ಲೇ ತಿರುವು ಮರೆಯುವವನು ಆ ಯಂತ್ರದ ಬಾಯಿಗೆ ಕೈ ಕೊಟ್ಟರೆ ಕೈ ಉಳಿಯುತ್ತದೆಯೇ.

"ವೈದ್ಯರಿಗೆ ಒಂದು ಪ್ರಶ್ನೆ ಕಳಿಸಬಹುದು ಅಕ್ಕ," ಎಂದಳು ಮೂಳೆ. "ಆದರೆ ಬರೀ ಕೇಳೋಕಾಗಲ್ಲ, ಯಾಕೆ ಕೇಳ್ತಿದೀನಿ ಅಂತ ತೋರಿಸ್ಬೇಕು. ಮನೇಲಿ ನೋಡ್ತಿರೋರು ನೀವು. ಎಚ್ಚರ ತಪ್ಪಿತ್ತು ಅಂತ ನಿಮಗನ್ಸುತ್ತಾ? ಹೂಂ ಅನ್ನಿ ಸಾಕು, ಮಿಕ್ಕಿದ್ದು ನಾನು ನೋಡ್ಕೋತೀನಿ."

ಹೂಂ ಎನ್ನಲು ಬಾಯಿ ತೆರೆದಳು. ಸೀದ ಹಾಲು ನೆನಪಾಯಿತು. ಮೂಗೆತ್ತಿದ ಆ ಮುಖ. "ಸಂಜೆ ಹೇಳ್ತೀನಿ," ಎಂದಳು. ಮೂಳೆಯ ಕಣ್ಣಲ್ಲಿ ಒಂದು ಆಶ್ಚರ್ಯ ಬಂದು, ಅದನ್ನು ಮುಚ್ಚಲೋ ಎಂಬಂತೆ ಅವಳು ತಿರುಗಿ ತನ್ನ ಪರದೆಯತ್ತ ಹೋದಾಗ, ಇವಳ ಕಿವಿ ಬಿಸಿಯಾಯಿತು. ಹೆಂಡತಿಯೇ ನಂಬದವನನ್ನು ವೈದ್ಯರು ಯಾಕೆ ನಂಬಬೇಕು ಎಂದು ಈ ಹುಡುಗಿ ಅಂದುಕೊಂಡಿರಬೇಕು. ಅಥವಾ ಅಂದುಕೊಳ್ಳಲಿ ಎಂದೇ ಕೇಳಿದಳೋ. ಇವಳ ಬಾಯಿಂದ ಏನಾದರೂ ಬರಲಿ ಎಂದು ಮೇಲಿನವರು ಯಾರಾದರೂ ಕೇಳಿಸಿರಬಹುದೇ. ಇಷ್ಟು ದಿನ ಸುಮ್ಮನಿದ್ದ ಕಡತ ನಾಳೆಯೇ ಯಾಕೆ ಮುಚ್ಚಬೇಕು.

ಮುಂದಿದ್ದ ಕಡತ ತೆರೆದಳು. ಯಾರೋ ಹೊರೆ ಹೊರುವವನದು. ಕೊನೆಯ ಸಾಲು: ಲಕ್ಷಣಗಳನ್ನು ಹಿಗ್ಗಿಸಿ ಹೇಳುತ್ತಿರುವ ಸಾಧ್ಯತೆ. ಈ ಸಾಲನ್ನು ಅವಳು ಎಷ್ಟು ಸಲ ಓದಿದ್ದಾಳೆ. ಯಾರ ಯಾರ ಕಡತದಲ್ಲಿ ಓದಿದ್ದಾಳೆ ಎಂದು ಮಾತ್ರ ಈವರೆಗೆ ಕೇಳಿಕೊಂಡಿರಲಿಲ್ಲ. ನೆಲ ಒರೆಸುವವಳು, ಪಾತ್ರೆ ತೊಳೆಯುವವನು, ಗಾರೆಯವನು. ಇವರೆಲ್ಲ ಬೀಳುವುದು ಅಜಾಗರೂಕತೆಯಿಂದ. ಬಿದ್ದ ಮೇಲೆ ಇವರೆಲ್ಲ ಹಿಗ್ಗಿಸಿ ಹೇಳುತ್ತಾರೆ. ಹೋದ ವರ್ಷ ಇದೇ ಆಸ್ಪತ್ರೆಯ ದೊಡ್ಡ ಶಸ್ತ್ರಚಿಕಿತ್ಸಕರೊಬ್ಬರು ಕಾರಿನಿಂದ ಇಳಿಯುವಾಗ ಬಾಗಿಲಿಗೆ ಹಣೆ ಬಡಿಸಿಕೊಂಡಿದ್ದರು. ಕ್ಷಣಕಾಲ ಎಚ್ಚರ ತಪ್ಪಿರಬಹುದು ಎಂದು ಬರೆದಿತ್ತು. ಇರಬಹುದು ಎಂದಿದ್ದರೆ ಹಾಕುವಂತಿಲ್ಲವಲ್ಲ ಎಂದು ಇವಳು ತಡೆದದ್ದಕ್ಕೆ, ಕೇಳುವ ಮೊದಲೇ ಮೇಲಿನಿಂದ ತಿದ್ದಿದ ಸಾಲು ಬಂದಿತ್ತು, ತಪ್ಪಿತ್ತು ಎಂದು. ಇವಳೇ ಅಂಕಿ ಒತ್ತಿದ್ದಳು. ಅವರ ಎಚ್ಚರಕ್ಕೆ ಅಷ್ಟು ಬೆಲೆ, ತಪ್ಪಿದ ಕ್ಷಣಕ್ಕೂ ಸಾಕ್ಷಿ ಓಡಿ ಬರುತ್ತದೆ. ಹೊಗೆ ಕುಡಿದ, ಉಗಿ ಕುಡಿದ, ನಿದ್ದೆಗೆಟ್ಟ ತಲೆಗಳಿಗೆ ಮಾತ್ರ ಸದಾ ಎಚ್ಚರವಿರಬೇಕು. ಅವಳ ಬೆರಳು ಹೊರೆಯವನ ಕಡತದಲ್ಲಿ ಸೊನ್ನೆಯ ಮೇಲೆ ನಿಂತಿತು. ಒತ್ತಿದಳು. ಬರೆದದ್ದು ಅಷ್ಟೇ ಇತ್ತು.

ಬಿದ್ದ ದಿನ ತುರ್ತು ವಿಭಾಗಕ್ಕೆ ಅವಳು ಓಡಿ ಬಂದಾಗ ಅವನು ಹಾಸಿಗೆಯ ಅಂಚಿನಲ್ಲಿ ಕೂತು ತನ್ನ ಅಂಗೈಯನ್ನು ನೋಡಿಕೊಳ್ಳುತ್ತಿದ್ದ. ಏನಾಯಿತೆಂದು ವೈದ್ಯರು ಕೇಳಿದ್ದು ಅವನ ಜೊತೆಗಾರನನ್ನು, ಇಸ್ತ್ರಿಯಣ್ಣ ಎಂದು ಎಲ್ಲರೂ ಕರೆಯುವ ಹಿರಿಯನನ್ನು. ಅವನು ಕೈಕಟ್ಟಿ ನಿಂತು ಹೇಳಿದ ಮಾತು ಇವಳ ಕಿವಿಗೇ ಬಿದ್ದಿತ್ತು. ಎಚ್ಚರ ತಪ್ಪಿ ಬಿದ್ದ. ಇವಳಿಗೆ ಅದರಲ್ಲಿ ಕೇಳಿಸಿದ್ದು ಕಣ್ಣು ಕತ್ತಲಿಟ್ಟು ಕುಸಿದ ದೇಹ. ವೈದ್ಯರಿಗೆ ಕೇಳಿಸಿದ್ದು ಮೈಮೇಲೆ ಗಮನವಿಲ್ಲದ ಕೆಲಸಗಾರ. ಒಂದೇ ಮಾತು. ಅದು ಬಾಯಿಂದ ಕಡತಕ್ಕೆ ಹತ್ತುವಾಗ ಎರಡು ದಾರಿಯಿದ್ದವು, ವೈದ್ಯರ ಪೆನ್ನು ತನಗೆ ರೂಢಿಯಿದ್ದ ದಾರಿ ಹಿಡಿಯಿತು.

ಊಟದ ಬಿಡುವಿನಲ್ಲಿ ಬಟ್ಟೆ ವಿಭಾಗಕ್ಕೆ ಹೋದಳು. ಹೊಸ್ತಿಲಲ್ಲೇ ಬಿಸಿ ಮುಖಕ್ಕೆ ಹೊಡೆಯಿತು. ಗೋಡೆಯ ದೊಡ್ಡ ಫ್ಯಾನಿನ ರೆಕ್ಕೆಗಳಿಗೆ ಬಟ್ಟೆಯ ಜುಂಗು ತುಪ್ಪಳದಂತೆ ಬೆಳೆದಿತ್ತು. ಅದು ತಿರುಗಿ ಎಷ್ಟು ಕಾಲವಾಯಿತೋ. ಈ ಬಿಸಿಗೆ ತಲೆ ಸುತ್ತಿ ಬಿದ್ದ ಎಂದಾದರೆ ತಪ್ಪು ಆಸ್ಪತ್ರೆಯದಾಗುತ್ತದೆ. ಇಸ್ತ್ರಿಯಣ್ಣ ಉಗಿಯಂತ್ರದ ಮುಂದೆ ಇರಲಿಲ್ಲ. ದೂರದಲ್ಲಿ, ಬಾಗಿಲ ಗಾಳಿ ಬರುವ ಕಡೆ, ಮಡಿಚುವ ಮೇಜಿನ ಹತ್ತಿರ ಹಾಸಿಗೆಬಟ್ಟೆ ಮಡಿಚುತ್ತಿದ್ದ. ಯಾವಾಗಿಂದ ಇಲ್ಲಿ ಎಂದು ಕೇಳಿದರೆ ಮಂಡಿನೋವು ಎಂದ. ಇಷ್ಟು ವರ್ಷ ಇಲ್ಲದ ಮಂಡಿನೋವು ಈ ತಿಂಗಳು ಯಾಕೆ ಬಂತು, ತಂಪು ಜಾಗ ಯಾರು ಕೊಟ್ಟರು ಎಂದು ಅವಳ ಮನಸ್ಸು ಆಗಲೇ ಎಳೆ ಹಿಡಿದು ಹೊರಟಿತ್ತು. ಅವನು ಹಾಸಿಗೆಬಟ್ಟೆಯ ಒಂದು ತುದಿ ಇವಳ ಕೈಗೆ ಕೊಟ್ಟ. ಮಾತಾಡುವುದಿದ್ದರೆ ಮಡಿಚುತ್ತ ಮಾತಾಡು, ಸುಮ್ಮನೆ ನಿಂತರೆ ಕಣ್ಣಿಗೆ ಬೀಳುತ್ತೆ ಎಂದ.

"ಅವತ್ತು ನೀನು ಹೇಳಿದ್ದು ಯಾವುದು ಅಣ್ಣ? ಗಮನ ಇಲ್ದೆ ಬಿದ್ರು ಅಂತಾನಾ, ತಲೆ ಸುತ್ತಿ ಬಿದ್ರು ಅಂತಾನಾ?"

"ಎಚ್ಚರ ತಪ್ಪಿ ಬಿದ್ದ ಅಂದೆ ತಂಗಿ. ಡಾಕ್ಟರಿಗೂ ಅದೇ ಅಂದೆ, ನಿಮ್ಮ ಕೆಮ್ಮು ಸಾಹೇಬ್ರು ಬಂದು ಕೇಳಿದಾಗ್ಲೂ ಅದೇ ಅಂದೆ. ಈಗ ನಿನಗೂ ಅದೇ. ಒಬ್ಬೊಬ್ಬರಿಗೆ ಒಂದೊಂದು ಹೇಳಿದ್ರೆ ತಾನೇ ತಪ್ಪು."

ಕೆಮ್ಮು ಎಂದರೆ ಇವಳ ಮೇಲ್ವಿಚಾರಕ. ಬಾಗಿಲಿಗೆ ಬರುವ ಮುಂಚೆ ಕೆಮ್ಮಿ ಬರುವುದರಿಂದ ಆ ಹೆಸರು. ಅವನು ಇಲ್ಲಿಗೆ ಬಂದು ಕೇಳಿದ್ದಾನೆ! ಅವಳ ಕೈಯಲ್ಲಿದ್ದ ತುದಿ ಜಾರಿತು. ಇಸ್ತ್ರಿಯಣ್ಣನ ಮುಖ ನೋಡಿದಳು. ಎರಡೂ ಕಡೆಗೆ ಸಲ್ಲುವ ಮಾತನ್ನು ಹಿಡಿದು ನಡುವೆ ಕೂತಿದ್ದಾನೋ, ಅಥವಾ ಅವನ ಮಟ್ಟಿಗೆ ಆ ಮಾತಿಗೆ ಇರುವುದೇ ಒಂದು ಅರ್ಥವೋ. ಅವನು ತುದಿಯನ್ನು ಎತ್ತಿ ಮತ್ತೆ ಅವಳ ಕೈಗಿಟ್ಟ. ಮಡಿಕೆ ನಾಲ್ಕಾಗಿ, ಎಂಟಾಗಿ, ಇಬ್ಬರೂ ಎದುರೆದುರು ಬಂದಾಗ ದನಿ ತಗ್ಗಿಸಿ ಹೇಳಿದ:

"ಎದ್ದ ಮೇಲೆ ನನ್ನ ಮುಖ ನೋಡಿ, ಯಾರಪ್ಪ ನೀನು ಅಂದ. ನಾನು ನಕ್ಕುಬಿಟ್ಟೆ. ಅವನ ತಮಾಷೆ ನಿನಗೆ ಗೊತ್ತಲ್ಲ."

ಗೊತ್ತಿತ್ತು. ಮದುವೆಯಾದ ಹೊಸತರಿಂದ ಅವನದು ಅದೊಂದೇ ತಮಾಷೆ. ಕೆಲಸ ಬಿಟ್ಟ ಮೇಲೆ ಗೇಟಿನ ಹತ್ತಿರ ಇವಳು ಕಾದಿದ್ದರೆ, ಎದುರು ಬಂದು ನಿಂತು, ಯಾರಮ್ಮ ನೀವು, ನೋಡಿದ ಹಾಗಿದೆಯಲ್ಲ, ಎನ್ನುವುದು. ಕಾವಲಿನವನು ನಗುವವರೆಗೂ ಮುಖದಲ್ಲಿ ಒಂದು ಗೆರೆ ಅಲುಗಿಸುತ್ತಿರಲಿಲ್ಲ. ಒಮ್ಮೆ ಇವಳಿಗೆ ನಿಜಕ್ಕೂ ಅಳು ಬಂದುಬಿಟ್ಟಿತ್ತು. ಅಷ್ಟು ಚೆನ್ನಾಗಿ ನಟಿಸಬಲ್ಲವನು. ವಾಪಸು ಹೋಗುವ ಉದ್ದ ಓಣಿಯಲ್ಲಿ ಆ ಹಳೆಯ ಮುಖವನ್ನೂ ಹಾಸಿಗೆಯ ಅಂಚಿನಲ್ಲಿ ಅಂಗೈ ನೋಡುತ್ತಿದ್ದ ಮುಖವನ್ನೂ ಒಂದರ ಮೇಲೊಂದಿಟ್ಟು ನೋಡಿದಳು. ಎರಡರಲ್ಲೂ ಒಂದು ಗೆರೆ ಅಲುಗಿರಲಿಲ್ಲ.

ಕೆಮ್ಮು ಕೇಳಿಸಿತು. ಮೇಲ್ವಿಚಾರಕ ಅವಳ ಸೀಟಿನ ಪಕ್ಕದಲ್ಲೇ ಕಾಯುತ್ತಿದ್ದ. ಬಟ್ಟೆ ವಿಭಾಗದ ಕಡೆ ಹೋಗಿದ್ದಿರಂತೆ ಎಂದ, ಊಟವಾಯಿತೇ ಎಂದು ಕೇಳುವ ದನಿಯಲ್ಲಿ. ಮನೆಯವರ ವಿಷಯವಾದಾಗ ಯಾರಿಗಾದರೂ ಸಂಕಟವೇ, ಆದರೆ ಅಂಥ ಕಡತದಿಂದ ದೂರ ಇದ್ದಷ್ಟೂ ಒಳ್ಳೆಯದು, ಯಾರ ಮೇಲೂ ಮಾತು ಬರುವುದಿಲ್ಲ ಎಂದ. ಮೂಳೆಯ ಕಡೆ ತಿರುಗಿಯೂ ನೋಡಲಿಲ್ಲ, ಅದೇ ಅವಳ ಮೇಲೆ ಇವಳ ಅನುಮಾನ ಹೆಚ್ಚಿಸಿತು. ಹೊರಡುವಾಗ ನಿಂತು, "ಮನುಷ್ಯ ಅಂದ್ಮೇಲೆ ಎಚ್ಚರ ತಪ್ಪೋದು ಸಹಜ ಮೇಡಂ. ಅದಕ್ಕೆ ಯಾರನ್ನ ದೂರೋಕಾಗುತ್ತೆ?" ಎಂದ. ಆ ಮಾತಿನಲ್ಲಿ ಅವನು ಯಾವ ಅರ್ಥ ಇಟ್ಟಿದ್ದ? ಎರಡನ್ನೂ ಇಟ್ಟು, ಯಾವುದನ್ನು ಎತ್ತಿಕೊಳ್ಳುತ್ತಾಳೋ ನೋಡೋಣ ಎಂದು ಹೋದನೇನೋ. ಅವಳು, ಹೌದು ಸಾರ್, ಎಂದಳು. ಆ ಹೌದು ಬಾಯಿಂದ ಬಿದ್ದ ಮೇಲೆ ಮೇಜಿನ ಮೇಲಿನ ನೀರು ಕುಡಿದಳು. ಬಾಯಿ ಶುಚಿಯಾಗಲಿಲ್ಲ.

ಸಂಜೆ ಮನೆಯ ತಿರುವಿನಲ್ಲಿ ದೂರದಿಂದಲೇ ಕಂಡ. ಬಾಗಿಲಲ್ಲಿ ನಿಂತಿದ್ದ. ಗುಂಡಿ ಹೊಲಿದ ಅಂಗಿ ಹಾಕಿಕೊಂಡಿದ್ದ, ತಲೆ ಬಾಚಿದ್ದ. ಅವಳು ಮೆಟ್ಟಿಲು ಹತ್ತುವ ಮೊದಲೇ, "ಇವತ್ತು ಬುಧವಾರ ಅಲ್ವಾ? ನಿಮ್ಮಲ್ಲಿ ಬುಧವಾರ ಕೆಲಸ ಜಾಸ್ತಿ," ಎಂದ. ಯಾರೂ ಕೇಳಿರಲಿಲ್ಲ. ಒಳಗೆ ನೆಲ ಒರೆಸಿತ್ತು, ಪಾತ್ರೆ ಬೋರಲು ಹಾಕಿತ್ತು. ತಳ ಹಿಡಿದ ಪಾತ್ರೆಯನ್ನು ಉಜ್ಜಿ ಉಜ್ಜಿ ಬೆಳ್ಳಗೆ ಮಾಡಿ ಕಣ್ಣಿಗೆ ಬೀಳುವ ಹಾಗೆ ಇಟ್ಟಿದ್ದ. ಪಕ್ಕದ ಮನೆಯವರು ಬಂದಿದ್ದರು, ಅವರ ಮಗಳ ಹೆಸರು ನಾನೇ ಹೇಳಿದೆ ಎಂದ. ನಲ್ಲಿ ಸೋರುತ್ತಿತ್ತು, ಸರಿಮಾಡಿದೆ ಎಂದ. ಒಂದೊಂದು ಮಾತಾದ ಮೇಲೂ ಸ್ವಲ್ಪ ನಿಲ್ಲಿಸಿ ಇವಳ ಮುಖ ನೋಡುತ್ತಿದ್ದ. ಇಷ್ಟೆಲ್ಲ ಆಗುವವನಿಗೆ ಏನಾಗಿದೆ ಎಂದು ಅವಳ ಒಳಗಿನ ಅಂಕಿ ಕೇಳಿತು. ಚೀಲವನ್ನು ಹೆಗಲಿಂದ ಇಳಿಸದೆಯೇ ಕೇಳಿಬಿಟ್ಟಳು.

"ಅವತ್ತು ನಿಮಗೆ ಎಚ್ಚರ ತಪ್ಪಿತ್ತಾ, ರೀ?"

ಅವನು ಯೋಚಿಸಿದ. ನಿಜವಾಗಿಯೂ ಯೋಚಿಸಿದ, ಹಣೆಯ ನರ ಉಬ್ಬುವಷ್ಟು. "ತಪ್ಪು ನಂದೇ ಇರ್ಬೇಕು," ಎಂದ. "ಎಲ್ರೂ ಹಾಗೇ ಹೇಳ್ತಾರಲ್ಲ."

ಅವಳು ಕೇಳಿದ್ದು ಒಂದು, ಅವನು ಕೇಳಿಸಿಕೊಂಡದ್ದು ಒಂದು. ತಿದ್ದಬೇಕಿತ್ತು. ತಿದ್ದುವ ಬದಲು ಅವಳಿಗೆ ಇನ್ನೊಂದು ಹೊಳೆಯಿತು. ಹೊಳೆದದ್ದಕ್ಕೆ ನಾಚಿಕೆಯೂ ಆಯಿತು, ನಾಚಿಕೆ ಆಗುತ್ತಿರುವಾಗಲೇ ಬಾಯಿ ಆಡಿಬಿಟ್ಟಿತು. ಒಲೆ ತಣ್ಣಗಿತ್ತು. ಅದರ ಮೇಲೆ ಏನೂ ಇರಲಿಲ್ಲ. ಮನೆಯಲ್ಲಿ ಒರೆಸಿದ ನೆಲದ ಹಸಿ ವಾಸನೆ ಬಿಟ್ಟರೆ ಬೇರೇನೂ ಇರಲಿಲ್ಲ. ಅವಳು ಮೂಗೆತ್ತಿ ಗಾಳಿ ಎಳೆದು, "ಏನೋ ಸೀದ ವಾಸನೆ ಬರ್ತಿದೆ ಅಲ್ವಾ?" ಎಂದಳು.

ಅವನು ಒಲೆಯ ಕಡೆ ನೋಡಲಿಲ್ಲ. ಅವಳ ಮುಖ ನೋಡಿದ. ಬೆಳಿಗ್ಗೆಯೂ ಹೀಗೆಯೇ, ಮೊದಲು ಮುಖ, ಆಮೇಲೆ ಮೂಗು. ಪಾಠ ಓದಿಲ್ಲದ ಹುಡುಗ ಪಕ್ಕದವನ ಪಾಟಿ ನೋಡುವ ಹಾಗೆ ನೋಡಿ, "ಹೂಂ, ಬರ್ತಿದೆ. ಆಗ್ಲಿಂದ ಬರ್ತಾನೇ ಇದೆ," ಎಂದ. "ತಾಳು, ಆರಿಸ್ತೀನಿ." ಕಣ್ಣನ್ನು ಅವಳ ಮುಖದಿಂದ ಕೀಳದೆ, ಹಿಂದೆ ಕೈ ಚಾಚಿ, ಒಲೆಯ ತಿರುಪನ್ನು ತಡಕಿ ತಿರುಗಿಸಿದ. "ಆರಿಸ್ದೆ ನೋಡು."

ಆರಿದ್ದ ಒಲೆಯ ತಿರುಪು ತೆರೆದುಕೊಂಡು ಗ್ಯಾಸು ಬುಸುಗುಟ್ಟಿತು. ವಾಸನೆ ಅವನ ಬೆನ್ನ ಹಿಂದಿನಿಂದ ಎದ್ದು, ಅವನನ್ನು ದಾಟಿ, ಅವಳ ಮೂಗಿಗೆ ಬಂತು. ಅವನು ಅದರ ನಡುವೆಯೇ ನಿಂತು ನಗುತ್ತಿದ್ದ, ಒಳ್ಳೆಯ ಅಂಕ ಬಂತೇ ಎಂದು ಕಾಯುವವನಂತೆ. ಅವಳು ಓಡಿಹೋಗಿ ಮುಚ್ಚಬೇಕಿತ್ತು. ಮುಚ್ಚಲಿಲ್ಲ. ಒಂದು ಉಸಿರು ನಿಂತಳು, ಈಗಲಾದರೂ ಮುಖ ಅಲುಗುತ್ತದೋ ನೋಡೋಣ ಎಂದು, ಗಂಟಲಿಗೆ ಗ್ಯಾಸು ಇಳಿಯುತ್ತಿದ್ದರೂ ನಿಂತಳು. ಅವನ ಮುಖದಲ್ಲಿ ಗೆರೆ ಅಲುಗಲಿಲ್ಲ. ಅಲುಗುವುದಕ್ಕೆ ಅಲ್ಲಿ ಏನೂ ತಲುಪಿಯೇ ಇರಲಿಲ್ಲ. ಇಷ್ಟು ದಿನ ಅವನು ನಟಿಸುತ್ತಿದ್ದದ್ದು ನಿಜವೇ. ನೋವನ್ನಲ್ಲ. ಬೆಳಗಿನಿಂದ ಸಂಜೆಯವರೆಗೆ, ಅವಳೆದುರು, ಅವಳಿಗಾಗಿ, ಏನೂ ಆಗಿಲ್ಲ ಎಂದು ನಟಿಸುತ್ತಿದ್ದ. ಪ್ರತಿ ಪ್ರಶ್ನೆಯ ಉತ್ತರವನ್ನೂ ಅವಳ ಮುಖದಲ್ಲೇ ಓದಿಕೊಂಡು ಹೇಳುತ್ತಿದ್ದ. ಅವಳು ಹಾರಿ ಹೋಗಿ ತಿರುಪು ಮುಚ್ಚಿದಳು, ಕಿಟಕಿಯ ಎರಡೂ ಬಾಗಿಲು ತೆರೆದಳು.

"ಯಾಕೆ? ಸರಿಯಾಗೇ ಹೇಳಿದ್ನಲ್ಲ," ಎಂದ ಅವನು.

ಅವಳು ಅವನ ರಟ್ಟೆ ಹಿಡಿದು ಕಿಟಕಿಯ ಹತ್ತಿರ ನಿಲ್ಲಿಸಿದಳು. ಫೋನನ್ನು ತೆಗೆದುಕೊಂಡು ಹೊರಬಾಗಿಲಾಚೆ ಮೆಟ್ಟಿಲಿಗೆ ಹೋಗಿ, ಇನ್ನೂ ಕೆಲಸದಲ್ಲೇ ಇದ್ದ ಮೂಳೆಗೆ ಕರೆ ಮಾಡಿದಳು. ಆ ಹುಡುಗಿ ಎರಡೂ ಕಡೆಯವಳಿರಬಹುದು, ಕೆಮ್ಮು ಅವಳ ಪಕ್ಕದಲ್ಲೇ ನಿಂತಿರಬಹುದು, ಇರಲಿ. ಎಚ್ಚರ ತಪ್ಪಿತ್ತು, ಪ್ರಶ್ನೆ ಕಳಿಸು, ಬಿದ್ದ ಮೇಲೆ ತಪ್ಪಿತೋ, ತಪ್ಪಿದ ಮೇಲೆ ಬಿದ್ದರೋ, ಎರಡನ್ನೂ ಬೇರೆ ಬೇರೆ ಕೇಳು, ಎದ್ದಾಗ ಜೊತೆಗಾರನ ಗುರುತು ಸಿಗಲಿಲ್ಲ ಎಂದು ಬರಿ, ವಾಸನೆ ಪೂರ್ತಿ ಹೋಗಿದೆ ಎಂದು ಬರಿ ಎಂದಳು.

"ಯಾರು ಹೇಳಿದ್ರು ಅಂತ ಬರೀಲಿ ಅಕ್ಕ? ನಾಳೆ ಕೇಳ್ತಾರೆ. ನಿಮ್ಮ ಕೆಲಸ..."

"ನನ್ನ ಹೆಸರೇ ಬರಿ. ಬರೆದಿಲ್ಲದ್ದು ನಡೆದಿಲ್ಲ ಅಂತಾರಲ್ಲ. ಬರಿ."

ಕೀಲಿಮಣೆಯ ಸದ್ದು ಶುರುವಾಯಿತು. ಅವಳು ಫೋನು ಕಿವಿಗಿಟ್ಟುಕೊಂಡೇ ತಿರುಗಿದಳು. ಅವನು ಕಿಟಕಿಯ ಹತ್ತಿರ ನಿಲ್ಲದೆ ಅವಳ ಹಿಂದೆಯೇ ಹೊಸ್ತಿಲವರೆಗೆ ಬಂದಿದ್ದ. ಒಳಗಿನಿಂದ ಗ್ಯಾಸಿನ ವಾಸನೆ ಇನ್ನೂ ದಟ್ಟವಾಗಿ ಬರುತ್ತಿತ್ತು. ಅವನು ಅವಳ ಮುಖವನ್ನೇ ನೋಡುತ್ತ, ಅವಳ ಭಯ ಇಳಿಯಲಿ ಎಂದು, ಎದೆ ತುಂಬ ಒಂದು ಉಸಿರು ಎಳೆದುಕೊಂಡು ಹೇಳಿದ:

"ಈಗ ವಾಸನೆ ಹೋಯ್ತು ನೋಡು."